ಬೀರಮ್ಮನಿಗೆ ನಾನು ಹಾಕಿದ ದನಿ

ಹೋದ ವರ್ಷ ದೀಪಾವಳಿ ಕಳೆದ ಮೇಲಿನ ಎರಡನೇ ಭಾನುವಾರ. ಮಧ್ಯಾಹ್ನ ಮೂರು ಗಂಟೆಗೆ ಕಾಗಾಲದ ಶಾಲೆಯಲ್ಲಿ ನಾವು ಮಾಡಿದ ಸಾಕ್ಷ್ಯಚಿತ್ರ ತೋರಿಸುವುದೆಂದು ನಿಗದಿಯಾಗಿತ್ತು. ಅದಕ್ಕೂ ಹದಿನೈದು ದಿನ ಮೊದಲಿನಿಂದ ನನಗೆ ಊಟ ಸೇರುತ್ತಿರಲಿಲ್ಲ. ಗ್ಯಾಸ್ಟ್ರಿಕ್ ಇರಬೇಕೆಂದು ಹೆಂಡತಿ ದಿನಾ ಜೀರಿಗೆ ಕಷಾಯ ಕುದಿಸಿ ಕೊಟ್ಟಳು. ಅದು ಕಷಾಯಕ್ಕೆ ಹೋಗುವ ಕಾಯಿಲೆಯಾಗಿರಲಿಲ್ಲ.

ನನ್ನದು ಹೊನ್ನಾವರದಲ್ಲಿ ಒಂದು ಸಣ್ಣ ಸ್ಟುಡಿಯೋ. ಮದುವೆ, ಮುಂಜಿ, ಗೃಹಪ್ರವೇಶ ಇದ್ದರೆ ನಾನಿರುತ್ತೇನೆ. ಜನ ನನ್ನನ್ನು ‘ವಿಡಿಯೋ ಮಂಜಣ್ಣ’ ಅನ್ನುತ್ತಾರೆ. ಕೆಲಸ ಕಲಿತದ್ದು ಭಟ್ಕಳದಲ್ಲಿ, ಒಬ್ಬ ಉಸ್ತಾದರ ಕೈಕೆಳಗೆ. ಮನೆಯಲ್ಲಿ ನವಾಯತಿ, ಗಿರಾಕಿಗಳ ಜೊತೆ ಉರ್ದು, ನನ್ನ ಜೊತೆ ಕನ್ನಡ ಮಾತನಾಡುತ್ತಿದ್ದ ಒಳ್ಳೆಯ ಮನುಷ್ಯ. ಕ್ಯಾಮೆರಾ ಕೈಗೆ ಕೊಟ್ಟ ಮೊದಲ ದಿನವೇ ಅವರು ಹೇಳಿಕೊಟ್ಟ ಪಾಠ ಏನೆಂದರೆ, ಮೈಕು ಸಿಕ್ಕಿಸುವ ತೂತಿಗೆ ಒಂದು ಖಾಲಿ ಪಿನ್ನು ಚುಚ್ಚಿಡಬೇಕು. ಚುಚ್ಚಿದರೆ ಕ್ಯಾಮೆರಾಕ್ಕೆ ಕಿವಿ ಕೇಳುವುದಿಲ್ಲ.

“ಮದುವೆಮನೆ ಆವಾಜ್ ಯಾರಿಗೆ ಬೇಕು ಮಂಜು? ಅಡಿಗೆಯವರ ಕೂಗು, ಮಕ್ಕಳ ಅಳು. ಸೂರತ್, ಅಂದ್ರೆ ಮುಖ, ನೀನು ಹಿಡಿ. ಆವಾಜ್ ಆಮೇಲೆ ನಾವು ಹಾಕುವ” ಎಂದಿದ್ದರು.

ಆಗ ನಮ್ಮ ಕಡೆ ಎಲ್ಲರೂ ಹಾಗೆಯೇ ಮಾಡುತ್ತಿದ್ದರು. ಧಾರೆಗೊಂದು ಸಿನಿಮಾ ಹಾಡು, ಊಟದ ಪಂಕ್ತಿಗೊಂದು ಸಿನಿಮಾ ಹಾಡು. ಹೆಣ್ಣು ಒಪ್ಪಿಸುವಾಗ ತಾಯಿ ಗೊಳೋ ಎಂದು ಅತ್ತರೂ ಕ್ಯಾಸೆಟ್ಟಿನಲ್ಲಿ ಕೇಳುವುದು ಶಹನಾಯಿ. ಯಾರೂ ದೂರು ಹೇಳಿದವರಿಲ್ಲ. ಸುಮಾರು ಹದಿನೈದು ವರ್ಷ ನಾನು ಹಿಡಿದ ಕ್ಯಾಸೆಟ್ಟುಗಳಲ್ಲಿ ಒಬ್ಬನೇ ಒಬ್ಬ ಮನುಷ್ಯನ ಮಾತಿಲ್ಲ. ಇದನ್ನು ಈಗ ಹೇಳುವಾಗ ನಾಚಿಕೆಯಾಗುತ್ತದೆ, ಆಗ ಆಗಿರಲಿಲ್ಲ.

ಹೋದ ಮಳೆಗಾಲದಲ್ಲಿ ಹೆಗಡೆ ಮಾಸ್ತರು ಸ್ಟುಡಿಯೋಕ್ಕೆ ಬಂದರು. ಅವರು ಕತಗಾಲದವರು. ಕಾಗಾಲದಲ್ಲಿ ಮೂವತ್ತು ವರ್ಷ ಮೇಷ್ಟ್ರಾಗಿದ್ದು ನಿವೃತ್ತರಾದವರು, ಆದರೂ ಬಾಯಲ್ಲಿ ಹವ್ಯಕರ ಮನೆಮಾತು ಬಿಟ್ಟಿಲ್ಲ. ಕಾಗಾಲದ ಗಜನಿಯ ಬಗ್ಗೆ ಒಂದು ಚಿತ್ರ ಮಾಡಬೇಕೆಂದು ಅವರಿಗೆ ಹಟ. ಗಜನಿ ಅಂದರೆ ಅಘನಾಶಿನಿಯ ಉಪ್ಪುನೀರು ಬಂದುಹೋಗುವ ಗದ್ದೆ. ಅಲ್ಲಿ ಬೆಳೆಯುವ ಕಗ್ಗ ಅನ್ನುವ ಭತ್ತವನ್ನು ಹೆಂಗಸರು ಸೊಂಟದ ಮಟ್ಟದ ನೀರಲ್ಲಿ ನಿಂತು ಬರೀ ಕದಿರು ಕೊಯ್ದು ತರುತ್ತಿದ್ದರು. ಈಗ ಬೆಳೆಯುವವರು ಕಡಿಮೆ.

“ಈಗಿನ ಗದ್ದೆ ತೆಗೆಯಲು ಎಂತ ಕಷ್ಟ ಇಲ್ಲೆ. ಆದ್ರೆ ಆಗಿನದು ಬೇಕಲ. ನಿನ್ನ ಹತ್ರ ಹಳೇ ಕ್ಯಾಸೆಟ್ಟು ಏನಾರೂ ಇದ್ದಾ ಮಂಜಣ್ಣ?” ಎಂದು ಕೇಳಿದರು.

ಇತ್ತು. ಇಪ್ಪತ್ತೈದು ವರ್ಷದ ಹಿಂದೆ ಕಾಗಾಲದ ಒಂದು ಮದುವೆಗೆ ಹೋದಾಗ ಮರುದಿನ ಬೆಳಿಗ್ಗೆ ಹುಡುಗಿಯ ಅಪ್ಪ ‘ನಮ್ಮ ಗಜನೀನೂ ಒಂಚೂರು ಹಿಡೀರಿ, ಬೀಗರು ನೋಡಲಿ’ ಎಂದಿದ್ದರು. ದಂಡೆಯ ಮೇಲೆ ಒಬ್ಬನೇ ನಿಂತು ಏಳೆಂಟು ನಿಮಿಷ ಹಿಡಿದಿದ್ದೆ. ಕಪಾಟಿನ ತಳದಿಂದ ಅದನ್ನು ತೆಗೆದು ಒರೆಸಿ ಹಾಕಿದರೆ ಚಿತ್ರ ಬಂತು. ಸಾಲಾಗಿ ಹತ್ತು ಹನ್ನೆರಡು ಹೆಂಗಸರು, ಕೈಯಲ್ಲಿ ಕತ್ತಿ, ಮುಂದೆ ತೇಲುವ ಬುಟ್ಟಿ. ಮಧ್ಯದಲ್ಲಿ ಒಬ್ಬಳು ಮುಖ ಎತ್ತಿ ಹಾಡುತ್ತಿದ್ದಳು, ಉಳಿದವರು ಅವಳ ಹಿಂದೆ ಸೊಲ್ಲು ಹಿಡಿಯುತ್ತಿದ್ದರು. ಹಾಡುವುದು ಕಾಣುತ್ತಿತ್ತು ಅಷ್ಟೇ. ಪಿನ್ನಿನ ಪ್ರತಾಪದಿಂದ ಒಂದು ಉಸಿರಿನ ಶಬ್ದವೂ ಇರಲಿಲ್ಲ.

ಮಾಸ್ತರು ಪರದೆಯ ಹತ್ತಿರ ಹೋಗಿ ಕನ್ನಡಕ ಸರಿಮಾಡಿಕೊಂಡರು. “ಇದು ನಮ್ಮ ಬೀರಮ್ಮ ಅಲ್ದಾ! ಮರುವರ್ಷದ ಮಳೆಗಾಲಕ್ಕೆ ಜ್ವರ ಬಂದು ತೀರಿಹೋತು ಪಾಪ. ಐದು ವರ್ಷದ ಮಗಳಿತ್ತು, ಚಿಕ್ಕಮ್ಮ ಭಟ್ಕಳಕ್ಕೆ ಕರ್ಕಂಡು ಹೋತು.” ಆಮೇಲೆ ನನ್ನ ಕಡೆ ತಿರುಗಿ, “ದನಿ ಎಲ್ಲಿ?” ಎಂದರು.

“ಕ್ಯಾಸೆಟ್ ಹಳೇದಲ್ವಾ ಮಾಸ್ತರೇ. ಸ್ವಲ್ಪ ಕೆಲಸ ಮಾಡಿದರೆ ಬರ್ತದೆ” ಎಂದೆ. ಪಿನ್ನಿನ ಕತೆ ಹೇಳಲು ಮನಸ್ಸಾಗಲಿಲ್ಲ.

ಆಮೇಲೆ ಮಾಡಿದ್ದು ನನ್ನ ಕೈಯ ಚಟ ಅನ್ನಬೇಕು. ಹಳದೀಪುರದ ಕಡೆಯ ಒಂದು ಮದುವೆಮನೆಯಲ್ಲಿ ಹೆಂಗಸರು ಹಾಡಿದ್ದನ್ನು ಯಾರೋ ಟೇಪ್‌ರೆಕಾರ್ಡರಿನಲ್ಲಿ ಹಿಡಿದು ನನಗೆ ಕೊಟ್ಟಿದ್ದರು. ಅದು ಹೇಗೋ ನನ್ನಲ್ಲೇ ಉಳಿದಿತ್ತು. ಮುಂದೆ ಹಾಡುವವಳ ದನಿ ಬಹಳ ಇಂಪು. ಶಬ್ದಗಳು ಅಷ್ಟು ಸ್ಪಷ್ಟವಿಲ್ಲ, ಯಾರಿಗೆ ಗೊತ್ತಾಗುತ್ತದೆ ಎಂದುಕೊಂಡೆ. ಮೂರು ದಿನ ಕೂತು ಆ ಹಾಡನ್ನು ಬೀರಮ್ಮನ ತುಟಿಗೆ ಹೊಂದಿಸಿದೆ. ಅವಳು ಬಾಯಿ ತೆರೆದಲ್ಲಿ ಸೊಲ್ಲು ಶುರು, ಮುಚ್ಚಿದಲ್ಲಿ ಮುಕ್ತಾಯ. ಸೀರೆಗೆ ಫಾಲ್ಸ್ ಹಚ್ಚಿದ ಹಾಗೆ ಕೂತಿತು. ನನಗೇ ನನ್ನ ಮೇಲೆ ಹೆಮ್ಮೆಯಾಯಿತು.

ಮಾಸ್ತರು ಅದನ್ನು ಎರಡು ಸಲ ಹಾಕಿಸಿ ನೋಡಿದರು. “ಇದು ಅವರದೇ ಹಾಡು ಹೌದಾ ಮಂಜಣ್ಣ? ಹಳೇ ಚಿತ್ರ ಅಂದ್ರೆ ಸಾಕ್ಷಿ ಮಾರಾಯ, ಅಲಂಕಾರ ಅಲ್ಲ. ಅದಕ್ಕೆ ಕೇಳಿದ್ದು.”

“ಹೌದು” ಎಂದೆ.

ಒಂದೇ ಒಂದು ಶಬ್ದ. ಆ ಹೊತ್ತಿಗೆ ಅದು ಸುಳ್ಳು ಅಂತಲೂ ಅನಿಸಲಿಲ್ಲ. ಮದುವೆ ವಿಡಿಯೋದವನಿಗೆ ಹಾಡೆಂದರೆ ಹಾಡು, ಚಿತ್ರಕ್ಕೆ ಹೊಂದಿದರೆ ಆಯಿತು. ಆದರೆ ಮಾಸ್ತರು ಎರಡು ದಿನ ಬಿಟ್ಟು ನಿರೂಪಣೆಯಲ್ಲಿ ಹೊಸ ಸಾಲು ಸೇರಿಸಿ ತಂದರು: ‘ಈಗ ನೀವು ಕೇಳುತ್ತಿರುವುದು ಇಪ್ಪತ್ನಾಲ್ಕು ವರ್ಷದ ಹಿಂದೆ ತೀರಿಕೊಂಡ ಬೀರಮ್ಮನ ದನಿ.’ ಅದನ್ನು ತಾವೇ ಓದಿ ರೆಕಾರ್ಡ್ ಮಾಡಿಸಿದರು. ಅಷ್ಟಕ್ಕೇ ನಿಲ್ಲಲಿಲ್ಲ. ಭಟ್ಕಳದಲ್ಲಿ ಬೀರಮ್ಮನ ಮಗಳು ನಾಗವೇಣಿ ಬಟ್ಟೆ ಹೊಲಿಯುವ ಅಂಗಡಿ ಇಟ್ಟಿದ್ದಾಳೆಂದು ಹುಡುಕಿ, ಫೋನ್ ನಂಬರ್ ಸಂಪಾದಿಸಿ, ನಿನ್ನ ಅಮ್ಮನ ದನಿ ಸಿಕ್ಕಿದೆ ಬಾ ಎಂದುಬಿಟ್ಟರು.

ಅವತ್ತು ಸಂಜೆಯೇ ಅವಳ ಫೋನ್ ಬಂತು.

“ಮಂಜಣ್ಣ, ನಾ ನಾಗವೇಣಿ, ಬೀರಮ್ಮನ ಮಗಳು. ಅವ್ವಿ ದನಿ ನಿಮ್ಮತ್ರ ಅದೆ ಅಂದ್ರು, ಹೌದಾ?”

ನಾನು ಹೂಂ ಎಂದೆನೋ ಇಲ್ಲವೋ ನೆನಪಿಲ್ಲ. ಅವಳು ಮುಂದುವರಿಸಿದಳು. “ನಂಗೆ ಅವ್ಳ ಒಂದು ಫೋಟೋ ಅದೆ, ರೇಷನ್ ಕಾರ್ಡಿಂದು. ಅದ್ರಾಗೆ ಮುಖ ಅಳಿಸಿ ಹೋಗಿದೆ. ದನಿ ಅಂತೂ ಎಂತಾ ನೆನಪಿಲ್ಲ. ಅವ್ಳು ಎಂತ ಹಾಡ್ತಾಳೆ ಅಣ್ಣ? ಬೇಡ, ಹೇಳ್ಬೇಡಿ. ಬಂದೇ ಕೇಳ್ತೆ.”

ಊಟ ಬಿಟ್ಟದ್ದು ಅವತ್ತಿನಿಂದಲೇ. ಹಾಡು ತೆಗೆಯೋಣವೆಂದರೆ ಮಾಸ್ತರಿಗೆ ಏನು ಹೇಳುವುದು? ಹೇಳದೆ ಬಿಟ್ಟರೆ ಆ ಹುಡುಗಿ ಯಾರದೋ ದನಿಯನ್ನು ತಾಯಿಯದೆಂದು ಸಾಯುವವರೆಗೆ ಇಟ್ಟುಕೊಳ್ಳುತ್ತಾಳೆ. ಇಟ್ಟುಕೊಂಡರೆ ಏನಂತೆ, ಅವಳಿಗೆ ಸಂತೋಷವೇ ಅಲ್ಲವೇ ಅಂತಲೂ ಒಂದು ಮನಸ್ಸು ಹೇಳುತ್ತಿತ್ತು. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದ ಹಾಗೆ ನಾನೂ ಎರಡು ದಿನ ನೆಮ್ಮದಿಯಾಗಿರಲು ನೋಡಿದೆ. ಆದರೆ ಅವಳು ನಡುನಡುವೆ ಫೋನ್ ಮಾಡುತ್ತಲೇ ಇದ್ದಳು. ಎಷ್ಟು ನಿಮಿಷ ಇದೆ ಅಣ್ಣ? ನಗ್ತಾಳಾ? ಫೋನಿನಲ್ಲಿ ಅವಳ ಹೆಸರು ಕಂಡರೆ ಸಾಕು, ಎದ್ದು ಸ್ಟುಡಿಯೋದ ಹೊರಗೆ ಹೋಗಿ ಎತ್ತುತ್ತಿದ್ದೆ.

ಆ ಭಾನುವಾರ ಅವಳು ಬಸ್ಸಿನಲ್ಲಿ ಹೊನ್ನಾವರಕ್ಕೆ ಬಂದಳು. ಅಲ್ಲಿಂದ ನನ್ನ ಓಮ್ನಿಯಲ್ಲಿ ಕಾಗಾಲಕ್ಕೆ ಹೋಗುವುದೆಂದು ಮಾತಾಗಿತ್ತು. ಮೂವತ್ತರ ಹತ್ತಿರದ ಹೆಂಗಸು, ಎಣ್ಣೆ ಹಾಕಿ ಬಿಗಿದ ಜಡೆ, ಹೊಸ ಇಸ್ತ್ರಿಯ ಸೀರೆ. ಪ್ರೊಜೆಕ್ಟರನ್ನು ಹಿಂದಿನ ಸೀಟಿಗೆ ಸರಿಸಿ ಅವಳಿಗೆ ಜಾಗ ಮಾಡಿದೆ. ಹಳದೀಪುರ ದಾಟುವಾಗ ಹೇಳಿಬಿಡಬೇಕೆಂದು ಗಂಟಲು ಸರಿಮಾಡಿಕೊಂಡೆ. ಅಷ್ಟರಲ್ಲಿ ಅವಳು ತನ್ನ ಫೋನ್ ತೋರಿಸಿದಳು.

“ಜಾಗ ಇರ್ಲಿಲ್ಲ ಅಣ್ಣ. ನನ್ನ ಫೋಟೋ, ಡಿಸೈನಿನ ಫೋಟೋ ಎಲ್ಲಾ ಅಳಿಸಿ ಖಾಲಿ ಮಾಡ್ಕಂಡೆ. ಸ್ಪೀಕರ್ ಹತ್ರ ಹಿಡ್ಕಂಡ್ರೆ ಚಲೋ ರೆಕಾರ್ಡ್ ಆಗ್ತದಲ್ದಾ?”

“ಆಗ್ತದೆ” ಎಂದೆ.

ಕುಮಟಾದಲ್ಲಿ ಚಾ ಕುಡಿಯಲು ನಿಲ್ಲಿಸಿದೆ. ಅವಳು ಬನ್ಸ್ ತಿಂದಳು, ನಾನು ಅರ್ಧ ಚಾ ಲೋಟದಲ್ಲೇ ಬಿಟ್ಟೆ. ಈಗ ಹೇಳುತ್ತೇನೆ ಎಂದು ಬಾಯಿ ತೆರೆದರೆ ಹೊರಗೆ ಬಂದದ್ದು “ಇನ್ನೊಂದು ಬನ್ಸ್ ಹೇಳ್ಲಾ?” ಅನ್ನುವ ಮಾತು. ಬಾಡ ಊರಿನ ತಿರುವಿನಲ್ಲಿ ಮತ್ತೆ ಪ್ರಯತ್ನಿಸಿದೆ. ಅವಳು ಕಿಟಕಿಯಾಚೆ ನೋಡುತ್ತ ತನ್ನಷ್ಟಕ್ಕೆ ನಗುತ್ತಿದ್ದಳು. ನನಗೆ ಧೈರ್ಯ ಬರಲಿಲ್ಲ. ನಾನು ಹೇಡಿ ಎಂದು ಐವತ್ತನಾಲ್ಕನೇ ವಯಸ್ಸಿನಲ್ಲಿ ಆ ರಸ್ತೆಯಲ್ಲಿ ಗೊತ್ತಾಯಿತು.

ಶಾಲೆ ತಲುಪಿದಾಗ ಎರಡು ಗಂಟೆ. ಬೆಳಕು ಒಳಗೆ ಬಾರದಂತೆ ಕಿಟಕಿಗಳಿಗೆ ಕಂಬಳಿ ಕಟ್ಟಿದ್ದರು. ಊಟ ಮುಗಿಸಿ ಬೇಗ ಬಂದ ನಾಲ್ಕೈದು ಮುದುಕಿಯರು ಆಗಲೇ ಮುಂದಿನ ಚಾಪೆ ಹಿಡಿದು ಕೂತಿದ್ದರು. ನಾಗವೇಣಿ ಮುಖ ತೊಳೆಯಲು ಬಾವಿಯ ಕಡೆ ಹೋದಳು. ನಾನು ತಂತಿಗಳನ್ನು ಜೋಡಿಸಿ, ಸ್ಪೀಕರ್ ಪರೀಕ್ಷೆಗೆಂದು ಆ ಹಾಡನ್ನೇ ಹತ್ತು ಸೆಕೆಂಡು ಬಿಟ್ಟೆ.

ಮುದುಕಿಯರಲ್ಲಿ ಒಬ್ಬಳು ತಟ್ಟನೆ ತಲೆ ಎತ್ತಿದಳು. ಹೊನ್ನಮ್ಮ ಎಂದು ಅವಳ ಹೆಸರು, ಬೀರಮ್ಮನ ಜೊತೆ ಗಜನಿಗೆ ಇಳಿಯುತ್ತಿದ್ದವಳು.

“ಎಂತ ಹಾಡು ಹಾಕಿದ್ಯಾ ತಮಾ? ಇದು ಮದುಮಗಳಿಗೆ ಅರಿಶಿನ ಎಣ್ಣೆ ಹಚ್ಚೂಕೆ ಹೇಳೂ ಹಾಡಲ್ದಾ?”

“ಹೌದಾ?” ಎಂದೆ.

“ಹೌದಾ ಅಂತ ಕೇಳ್ತ್ಯಾ! ಯಾರ ಮದುವೆಯದು?”

ನಾನು ತಂತಿಯೊಂದನ್ನು ಬಿಚ್ಚಿ ಮತ್ತೆ ಸಿಕ್ಕಿಸಿದೆ. ಆಮೇಲೆ, ಏನೂ ಗೊತ್ತಿಲ್ಲದವನ ಹಾಗೆ, ಬೀರಮ್ಮನೂ ಈ ಹಾಡು ಹೇಳುತ್ತಿದ್ದಳೇ ಎಂದು ಕೇಳಿದೆ. ಹೊನ್ನಮ್ಮ ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

“ಗಂಡ ಸತ್ತವ್ಳು ಅರಿಶಿನದ ಹಾಡಿಗೆ ಬಾಯಿ ಹಾಕ್ತಾಳಾ ತಮಾ? ನೀ ಬಂದು ಹಿಡ್ಕ ಹೋದ್ಯಲ, ಆ ವರ್ಷದ ಮಳೆಗಾಲದಾಗೇ ಅವ್ಳ ಗಂಡ ಹೋಗಿದ್ದು. ಆ ಮದುವೆ ಚಪ್ಪರಕ್ಕೂ ಅವ್ಳು ಕಾಲಿಟ್ಟಿರ್ಲಿಲ್ಲ. ಗಜನಿಗೆ ಮಾತ್ರ ಬತ್ತಿದ್ಲು.”

ವಿಧವೆಯರು ಶುಭದ ಹಾಡಿಗೆ ಸೇರಬಾರದು ಅನ್ನುವ ಪದ್ಧತಿ ಸರಿಯೋ ತಪ್ಪೋ ಅದು ಬೇರೆ ಮಾತು. ಆ ಕಾಲದಲ್ಲಿ ಅದನ್ನು ನುಂಗಿಕೊಂಡು ಚಪ್ಪರದಿಂದ ಹೊರಗೆ ನಿಂತ ಹೆಂಗಸು ಅವಳು. ಗಂಡ ಹೋದ ನಾಲ್ಕೈದು ತಿಂಗಳಿಗೆ ಅವಳು ಊರಿನ ಎದುರು ಮುಖ ಎತ್ತಿ ಅರಿಶಿನದ ಹಾಡು ಹಾಡುವ ಹಾಗೆ ನಾನು ಮಾಡಿಟ್ಟಿದ್ದೆ. ಅದೂ ತುಟಿಗೆ ಸೊಲ್ಲು ಹೊಂದಿಸಿ. ಇನ್ನು ಮುಕ್ಕಾಲು ಗಂಟೆಯಲ್ಲಿ ಹಾಲ್ ತುಂಬುತ್ತದೆ, ಮಗಳು ಫೋನ್ ಹಿಡಿದು ಸ್ಪೀಕರ್ ಪಕ್ಕ ಕೂರುತ್ತಾಳೆ.

ಬಾವಿಯ ಹತ್ತಿರ ಹೋದೆ. ಅವಳು ಸೆರಗಿನಲ್ಲಿ ಮುಖ ಒರೆಸಿಕೊಳ್ಳುತ್ತಿದ್ದಳು. ಪೀಠಿಕೆ ಹಾಕಲು ಹೋದರೆ ಮತ್ತೆ ಬನ್ಸಿನ ಕತೆಯೇ ಆಗುತ್ತದೆಂದು ಒಂದೇ ಉಸಿರಿಗೆ ಹೇಳಿದೆ. “ನಾಗವೇಣಿ, ಅದು ನಿನ್ನ ಅಮ್ಮನ ದನಿಯಲ್ಲ. ಚಿತ್ರ ಅವಳದೇ. ಹಾಡು ಬೇರೆಯವರದು, ನಾನು ಹಾಕಿದ್ದು.”

ಅವಳಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಬೇಕಾಯಿತು. ಪಿನ್ನಿನ ವಿಷಯ, ಮಾಸ್ತರಿಗೆ ಹೇಳಿದ ಸುಳ್ಳು, ಹೊನ್ನಮ್ಮ ಹೇಳಿದ ಮಾತು, ಎಲ್ಲವನ್ನೂ ಬಿಡಿಸಿ ಹೇಳಿದೆ. ಬೈಯುತ್ತಾಳೆ, ಅಳುತ್ತಾಳೆ ಎಂದುಕೊಂಡಿದ್ದೆ. ಎರಡೂ ಆಗಲಿಲ್ಲ.

“ಹಾಂಗಾದ್ರೆ ಅವ್ಳ ದನಿ ಎಲ್ಲೂ ಇಲ್ಲ?”

“ಇಲ್ಲ.”

“ನೀವು ಹಿಡಿವಾಗ ಅವ್ಳು ಹಾಡ್ತೇ ಇದ್ಲಾ?”

“ಹಾಡ್ತಿದ್ಲು.”

“ನೀವು ಅಲ್ಲೇ ಇದ್ರಿ. ನಿಮ್ಗೆ ಕೇಳ್ತಿತ್ತು.”

“ಹೌದು. ಹತ್ತು ಮಾರು ದೂರ ಅಷ್ಟೇ.”

“ಹೆಂಗಿತ್ತು?”

ನಾನು ಬಾಯಿ ತೆರೆದೆ. ಏನೂ ಇರಲಿಲ್ಲ. ಆ ಬೆಳಿಗ್ಗೆ ಬಿಸಿಲು ಎದುರಿಗಿತ್ತು, ಬ್ಯಾಟರಿ ಮುಗಿಯುತ್ತ ಬಂದಿತ್ತು, ದಂಡೆ ಜಾರುತ್ತಿತ್ತು, ಇದೆಲ್ಲ ನೆನಪಿದೆ. ದನಿ ಮಾತ್ರ ಇಲ್ಲ. ಕ್ಯಾಮೆರಾದ ಕಿವಿ ಮುಚ್ಚುವಾಗ ನನ್ನದನ್ನೂ ಮುಚ್ಚಿಕೊಂಡಿದ್ದೆ ಅಂತ ಕಾಣುತ್ತದೆ.

“ನೆನಪಿಲ್ಲ ತಂಗಿ” ಎಂದೆ. ಆಗ ಮಾತ್ರ ಅವಳ ಕಣ್ಣು ತುಂಬಿತು. ಆ ಕಡೆ ತಿರುಗಿ ಬಾವಿಕಟ್ಟೆಯ ಮೇಲೆ ಕೂತಳು. ಕಣ್ಣು ಒರೆಸಿಕೊಂಡು ಹೇಳಿದಳು, “ಆ ಹಾಡು ತೆಗೀರಿ. ಚಿತ್ರ ತೋರ್ಸಿ.”

ಮಾಸ್ತರಿಗೂ ಹೇಳಬೇಕಾಯಿತು. ಅವರು ಸಿಟ್ಟಿನ ಮನುಷ್ಯರಲ್ಲ. ಕನ್ನಡಕ ತೆಗೆದು ಪಂಚೆಯ ತುದಿಯಲ್ಲಿ ಒರೆಸುತ್ತ, “ನಾ ಕೇಳಿದ್ದೆ ಮಂಜಣ್ಣ. ನೀ ಹೌದು ಅಂದೆ. ನಾ ನನ್ನ ಬಾಯಲ್ಲೇ ಸುಳ್ಳು ಓದಿದಾಂಗೆ ಆತು” ಎಂದರು. ಜನರಿಗೆ ನೀವೇ ಒಂದು ಮಾತು ಹೇಳಿ ಎಂದು ಬೇಡಿಕೊಂಡೆ. “ನಾ ಹೇಳ್ತ್ನಿಲ್ಲೆ. ಮೈಕು ನೀನೇ ಹಿಡಿ” ಎಂದು ಹೋಗಿ ಹಿಂದಿನ ಬೆಂಚಿನಲ್ಲಿ ಕೂತುಬಿಟ್ಟರು.

ಹಾಲ್ ತುಂಬಿತು. ಮದುವೆಮನೆಗಳಲ್ಲಿ ಸಾವಿರ ಜನರ ನಡುವೆ ಕ್ಯಾಮೆರಾ ಹಿಡಿದು ನುಗ್ಗಿದವನು ನಾನು, ಆದರೆ ಆವತ್ತು ಮೈಕು ಹಿಡಿದು ಗೋಡೆಗೆ ಒತ್ತಿ ನಿಂತೆ. ಗಜನಿಯ ಹಳೆಯ ಚಿತ್ರಕ್ಕೆ ಬೇರೆ ಕಡೆಯ ಹಾಡು ಹಾಕಿದ್ದೆ, ಅದು ನನ್ನ ತಪ್ಪು, ಆ ಭಾಗ ಬಂದಾಗ ದನಿ ಇರುವುದಿಲ್ಲ ಎಂದು ಹೇಳಿದೆ. ಯಾರೋ ಹಿಂದಿನಿಂದ “ಕರೆಂಟು ಹೋದಾಂಗೆ ಕಾಣ್ತದೆ ಬಿಡಿ” ಎಂದರು, ನಾಲ್ಕು ಜನ ನಕ್ಕರು.

ಚಿತ್ರ ಶುರುವಾಯಿತು. ನನ್ನ ಕೈ ಸ್ಪೀಕರಿನ ತಿರುಗಣೆಯ ಮೇಲೇ ಇತ್ತು. ಗಜನಿಯ ಭಾಗ ಬರುತ್ತಿದ್ದಂತೆ ಪೂರ್ತಿ ಇಳಿಸಿದೆ. ನಾಲ್ಕು ನಿಮಿಷದ ತುಂಡು ಅದು. ಹಾಲ್‌ನಲ್ಲಿ ಫ್ಯಾನಿನ ಸದ್ದು ಮಾತ್ರ. ಬೀರಮ್ಮ ಮುಖ ಎತ್ತಿದಳು, ಬಾಯಿ ತೆರೆದಳು, ಏನೂ ಕೇಳಿಸಲಿಲ್ಲ. ಮುಂದಿನ ಸಾಲಿನಲ್ಲಿ ನಾಗವೇಣಿಯ ತಲೆ ಸ್ವಲ್ಪವೂ ಅಲ್ಲಾಡುತ್ತಿರಲಿಲ್ಲ. ಜೀವಮಾನದಲ್ಲಿ ಅಷ್ಟು ಉದ್ದದ ಒಂದು ನಿಮಿಷವನ್ನು ನಾನು ಕಂಡಿಲ್ಲ.

ಆಗ ಹೊನ್ನಮ್ಮನ ಮಾತು ಕೇಳಿತು. “ಕೈ ಕಾಣು. ಎರಡು ಸಲ ಕತ್ತಿ ಹಾಕಿ ನಿಲ್ಲಸ್ತಾಳೆ. ಇದು ಗದ್ದೆ ಒಡೇರ ಹಾಡೇ.” ಪಕ್ಕದವಳು, “ಹೌದೇ, ಅಲ್ಲಿ ತಲೆ ಎತ್ತದ್ಲಲ, ಅಲ್ಲಿಗೆ ಸೊಲ್ಲು ಮುಗೀತು” ಎಂದಳು. ಹೊನ್ನಮ್ಮ ಕೆಮ್ಮಿ ಗಂಟಲು ಸರಿಮಾಡಿಕೊಂಡು, ಚಿತ್ರದ ಕೈಯನ್ನೇ ನೋಡುತ್ತ ಶುರುಮಾಡಿದಳು:

“ನೀರ ಮೇಗಿನ ಕದ್ರು ಒಡೇರದು, ನೀರ ತಳಗಿನ ನೆಳ್ಳು ನಂದು...”

“ಅದಲ್ವೆ, ಮೊದ್ಲು ಏಡಿ ಸೊಲ್ಲು ಬತ್ತದೆ” ಎಂದು ಪಕ್ಕದವಳು ತಿದ್ದಿದಳು. ಇಬ್ಬರಿಗೂ ಅಲ್ಲೇ ಸಣ್ಣ ಜಗಳವಾಯಿತು. ಮತ್ತೆ ಹಿಡಿದರು, ಇನ್ನೂ ಇಬ್ಬರು ಸೇರಿದರು. ಪರದೆಯ ತುಟಿಗೂ ಇವರ ಸೊಲ್ಲಿಗೂ ಒಂದಕ್ಕೊಂದು ಹೊಂದಲೇ ಇಲ್ಲ. ಅವಳು ಮುಂದೆ ಹೋದರೆ ಇವರು ಹಿಂದೆ. ಚಿತ್ರ ಬೇರೆ ದೃಶ್ಯಕ್ಕೆ ಹೋದರೂ ಇವರು ಹಾಡುತ್ತಲೇ ಇದ್ದರು. ನಾನು ಚಿತ್ರ ನಿಲ್ಲಿಸಿದೆ. ನಾಗವೇಣಿ ಫೋನ್ ಹಿಡಿದ ಕೈಯನ್ನು ಸ್ಪೀಕರ್ ಕಡೆಯಿಂದ ಮುದುಕಿಯರ ಕಡೆ ತಿರುಗಿಸಿದ್ದಳು.

ಹಾಡು ಮುಗಿದ ಮೇಲೆ ಅವಳು ನನ್ನನ್ನು ಕೇಳಿದ ಪ್ರಶ್ನೆಯನ್ನೇ ಹೊನ್ನಮ್ಮನಿಗೆ ಕೇಳಿದಳು. “ಅವ್ವಿ ದನಿ ಹೆಂಗಿತ್ತು ಅಜ್ಜಿ?”

ಹೊನ್ನಮ್ಮ ಅವಳ ಕಡೆ ತಿರುಗಿದಳು. “ಗೊಗ್ಗರು ಮಗಾ. ಚಂದ ಎಂತಾ ಇರ್ಲಿಲ್ಲ. ಆದ್ರೆ ಗಜನಿ ಆಚೆ ದಂಡೆಗೂ ಕೇಳ್ತಿತ್ತು. ಅವ್ಳು ಬರ್ದಿದ್ ದಿನ ನಮ್ಗೆ ಕೊಯ್ಲು ಸಾಗ್ತಿರ್ಲಿಲ್ಲ.”

ನಾಗವೇಣಿ ಅಳುತ್ತಲೇ ನಕ್ಕಳು. ನಾನು ಆರಿಸಿ ಹಾಕಿದ ಆ ಇಂಪಾದ ದನಿ ನೆನಪಾಗಿ ನನಗೆ ಎಲ್ಲಾದರೂ ಓಡಿಹೋಗಬೇಕೆನಿಸಿತು.

ಅವಳು ನನ್ನ ಗಾಡಿಯಲ್ಲಿ ವಾಪಸು ಬರಲಿಲ್ಲ. ಎರಡು ದಿನ ಹೊನ್ನಮ್ಮನ ಮನೆಯಲ್ಲಿ ಉಳಿಯುತ್ತೇನೆ ಎಂದಳು. ನಾನು ಹೊರಡುವಾಗ ಹಳೇ ಕ್ಯಾಸೆಟ್ಟಿನ ಆ ಏಳೆಂಟು ನಿಮಿಷದ ಚಿತ್ರವನ್ನು ಪೆನ್‌ಡ್ರೈವಿನಲ್ಲಿ ಕಳಿಸಲು ಹೇಳಿ, “ಇದ್ಕೆ ಇನ್ನು ಯಾರೂ ಹಾಡು ಹಾಕೂದು ಬೇಡ” ಎಂದಳು. ಕಳಿಸಿದೆ. ವಾರದ ಮೇಲೆ ಒಂದು ಮೆಸೇಜ್ ಬಂತು: ‘ಓಪನ್ ಆಯ್ತು. ದನಿ ಇಲ್ಲ. ಸರಿ ಇದೆ.’ ಆಮೇಲೆ ಅವಳು ಫೋನ್ ಮಾಡಿಲ್ಲ, ಮಾಡಲು ನನಗೂ ಮುಖವಿಲ್ಲ.

ಮಾಸ್ತರು ತಮ್ಮ ಸಾಲನ್ನು ಬದಲಿಸಿ ಓದಿಕೊಟ್ಟರು. ಈಗ ಆ ಭಾಗದಲ್ಲಿ ‘ಬೀರಮ್ಮ ಹಾಡುತ್ತಿದ್ದಾಳೆ. ಅವಳ ದನಿ ನಮ್ಮಲ್ಲಿ ಉಳಿದಿಲ್ಲ’ ಎಂದಷ್ಟೇ ಇದೆ. ಮದುವೆಗಳಲ್ಲಿ ನಾನು ಈಗ ಅಡಿಗೆಯವರ ಕೂಗನ್ನೂ ಹಿಡಿಯುತ್ತೇನೆ. ಗಿರಾಕಿಗಳು ಗಲಾಟೆ ಜಾಸ್ತಿಯಾಯಿತು ಎಂದು ಗೊಣಗುತ್ತಾರೆ.

ಆದರೆ ಒಂದು ವಿಷಯ ನನ್ನನ್ನು ಬಿಟ್ಟಿಲ್ಲ. ಕೆಲಸವಿಲ್ಲದ ಮಧ್ಯಾಹ್ನ ಆ ಚಿತ್ರ ಹಾಕಿಕೊಂಡು ಕೂರುತ್ತೇನೆ. ಗೊಗ್ಗರು ದನಿ, ಆಚೆ ದಂಡೆಗೂ ಕೇಳುವಂಥದು. ಅದನ್ನು ನೆನಪು ಮಾಡಿಕೊಳ್ಳಲು ಕಣ್ಣು ಮುಚ್ಚಿ ನೋಡಿದ್ದೇನೆ, ತೆರೆದು ನೋಡಿದ್ದೇನೆ. ಬರುವುದಿಲ್ಲ. ಅವಳು ಮುಖ ಎತ್ತಿ ಹಾಡುತ್ತಿರುವುದು ದಂಡೆಯ ಕಡೆಗೆ, ನೇರ ನನ್ನ ಕಡೆಗೆ. ಆವತ್ತು ಆ ದಂಡೆಯ ಮೇಲೆ ಇದ್ದವನು ನಾನೊಬ್ಬನೇ.